ಕೊಳಗದ ಲೆಕ್ಕ ಕೇಳಿದ ಶಾಸಕ

ಗೇಣಿ ಶಾಸನದ ಬಗ್ಗೆ ನಾವು ಹಿಂದಿನ ಸಂಚಿಕೆಯಲ್ಲಿ ಬರೆದ ನಾಲ್ಕು ಸಾಲು ಓದಿ ಕೋಲಾರ ಜಿಲ್ಲೆಯ ವೇಮಗಲ್‌ನಿಂದ ಓದುಗರೊಬ್ಬರು ಕಾಗದ ಬರೆದಿದ್ದಾರೆ. ನಮ್ಮ ಸಂಘದ ಸದಸ್ಯರೊಬ್ಬರ ಬೀಗರಂತೆ. ನೆಂಟರ ಮನೆಗೆ ಬಂದಾಗಲೆಲ್ಲ ನಮ್ಮ ಪತ್ರಿಕೆ ಓದುವ ರೂಢಿಯಂತೆ. ಅವರ ಸೀಮೆಯಲ್ಲಿ ಕಾಫಿ ಇಲ್ಲ. ಅಲ್ಲಿಯ ಬದುಕು ರೇಷ್ಮೆ, ಟೊಮ್ಯಾಟೊ, ಹಾಲು ಮತ್ತು ಕೊಳವೆಬಾವಿಯ ನೀರಿನ ಮೇಲೆ ನಿಂತಿದೆ. ಆದರೂ ಅವರು ಕೇಳಿದ ಪ್ರಶ್ನೆ ನಮಗೂ ಸಲ್ಲುವಂಥದು. ಗೆಲ್ಲುವ ಪಕ್ಷ ಒಂದೇ ಆಗಿದ್ದ ಕಾಲದಲ್ಲಿ ವಿರೋಧ ಪಕ್ಷದವನನ್ನು ಆರಿಸಿ ಕಳಿಸಿದ ರೈತನಿಗೆ ಸಿಕ್ಕಿದ್ದೇನು? ರಸ್ತೆ ಬರಲಿಲ್ಲ, ಸೇತುವೆ ಬರಲಿಲ್ಲ, ಮಂತ್ರಿಗಿರಿಯಂತೂ ದೂರದ ಮಾತು. ಹಾಗಾದರೆ ಆ ವೋಟು ನೀರಿನಲ್ಲಿ ಮಾಡಿದ ಹೋಮವಲ್ಲವೇ?

ಪ್ರಶ್ನೆ ನ್ಯಾಯವಾದದ್ದೇ. ಇದಕ್ಕೆ ಉತ್ತರ ಹುಡುಕಲು ಮಲೆನಾಡಿನವರಾದ ನಾವು ದೂರ ಹೋಗಬೇಕಾಗಿಲ್ಲ. ತೀರ್ಥಹಳ್ಳಿ ತಾಲ್ಲೂಕಿನ ಆರಗದಲ್ಲಿ 1923ರಲ್ಲಿ ಹುಟ್ಟಿದ ಶಾಂತವೇರಿ ಗೋಪಾಲಗೌಡರ ಬದುಕನ್ನೇ ನೋಡಬಹುದು. ಮೂರು ಸಲ ಶಾಸಕರಾದರೂ ಅವರು ಒಂದು ದಿನವೂ ಮಂತ್ರಿಯಾಗಲಿಲ್ಲ. ಕೂತಿದ್ದೆಲ್ಲ ಎದುರು ಸಾಲಿನಲ್ಲಿ.

ಕೋಲಾರದವರು ಕೇಳಿದ್ದರಿಂದ ಕೋಲಾರದಿಂದಲೇ ಆರಂಭಿಸೋಣ. ಸ್ವಾತಂತ್ರ್ಯದ ನಂತರ ಮೈಸೂರು ರಾಜ್ಯದ ಮೊದಲ ಮುಖ್ಯಮಂತ್ರಿಗಳಾದವರು ಆ ಜಿಲ್ಲೆಯ ಕ್ಯಾಸಂಬಳ್ಳಿಯ ಕೆ. ಚೆಂಗಲರಾಯ ರೆಡ್ಡಿಯವರು. ಜವಾಬ್ದಾರಿ ಸರ್ಕಾರಕ್ಕಾಗಿ 1947ರಲ್ಲಿ ನಡೆದ ಮೈಸೂರು ಚಲೋ ಚಳವಳಿಯ ಮುಂದಾಳು, ಜೈಲು ಕಂಡವರು. ಅವರ ಸರ್ಕಾರಕ್ಕೆ ನಾಲ್ಕು ವರ್ಷ ತುಂಬುವ ಮೊದಲೇ, ಸಾಗರ ತಾಲ್ಲೂಕಿನ ಕಾಗೋಡಿನ ಗೇಣಿದಾರರು ಗುಂಪು ಗುಂಪಾಗಿ ಜೈಲಿಗೆ ಹೋದರು. ಹೋರಾಟಗಾರರು ಅಧಿಕಾರಕ್ಕೆ ಬಂದರೆ ಪೊಲೀಸು ವ್ಯಾನಿನ ದಿಕ್ಕು ಬದಲಾಗುತ್ತದೆ ಎಂದು ನಂಬಿದ್ದವರಿಗೆ ಅದು ಮೊದಲ ಪಾಠ.

ಕಾಗೋಡಿನ ಜಗಳದ ಬೇರು ಅಳತೆಯಲ್ಲಿತ್ತು. ಒಕ್ಕಲು ಕಣದಲ್ಲಿ ಗೇಣಿ ಭತ್ತ ಅಳೆದು ಕೊಡುವಾಗ ಒಡೆಯರ ಮನೆಯ ಕೊಳಗ ಬರುತ್ತಿತ್ತು, ಮತ್ತು ಅದು ವಾಡಿಕೆಯ ಕೊಳಗಕ್ಕಿಂತ ದೊಡ್ಡದು. ಹತ್ತು ಕೊಳಗ ಎಂದು ಮಾತಾದರೂ ಕಣದಿಂದ ಹೋಗುತ್ತಿದ್ದುದು ಅದಕ್ಕೂ ಹೆಚ್ಚು. ಕೊಟ್ಟಿದ್ದಕ್ಕೆ ರಸೀದಿಯಿಲ್ಲ. ಅದರ ಮೇಲೆ ಬಿಟ್ಟಿ ದುಡಿಮೆ. ಬಹುಪಾಲು ದೀವರ ಸಮುದಾಯದವರಾಗಿದ್ದ ಈ ಗೇಣಿದಾರರನ್ನು ಎಚ್. ಗಣಪತಿಯಪ್ಪನವರು ರೈತ ಸಂಘದಲ್ಲಿ ಒಂದುಗೂಡಿಸಿದರು. ಸರಿಯಾದ ಕೊಳಗ ತನ್ನಿ, ರಸೀದಿ ಕೊಡಿ ಎಂದು ಕೇಳಿದ್ದಕ್ಕೆ ಉಳುವ ಗದ್ದೆಯೇ ಕೈಬಿಡುವ ಪ್ರಸಂಗ ಬಂತು. 1951ರ ಏಪ್ರಿಲ್ 18ರಂದು ರೈತರು ನೇಗಿಲು ಹೊತ್ತು ಗದ್ದೆಗಿಳಿದರು; ಪೊಲೀಸರು ಹಿಡಿದೊಯ್ದರು. ಸಮಾಜವಾದಿ ಪಕ್ಷ ಅವರ ಬೆನ್ನಿಗೆ ನಿಂತಿತು. 1942ರ ಚಳವಳಿಯಲ್ಲಿ ಆಗಲೇ ಸೆರೆಮನೆ ಕಂಡಿದ್ದ ಗೋಪಾಲಗೌಡರು ಮತ್ತೆ ಸೆರೆಮನೆಗೆ ಹೋದರು. ಜೂನ್‌ನಲ್ಲಿ ರಾಮಮನೋಹರ ಲೋಹಿಯಾ ಅವರೇ ಬಂದು ಸತ್ಯಾಗ್ರಹ ಮಾಡಿ ಬಂಧಿತರಾದರು. ಕಾಗೋಡು ಎಂಬ ಹೆಸರು ದೇಶಕ್ಕೆಲ್ಲ ತಿಳಿದದ್ದು ಆಗ.

ಇಲ್ಲಿ ಒಂದು ಮಾತು ಹೇಳದೆ ಮುಂದೆ ಹೋಗಲಾರೆವು. ಅಡಿಕೆ ಬೆಳೆಗಾರರಿಗೆ ಅಳತೆಯ ಮೋಸ ಹೊಸದಲ್ಲ. ಮಂಡಿಯಲ್ಲಿ ತೂಕವೂ ದಲ್ಲಾಳಿಯದೇ, ದರವೂ ಅವನದೇ ಆಗಿದ್ದ ಕಾಲ ನಮ್ಮ ಹಿರಿಯರಿಗೆ ಗೊತ್ತು. ಅದಕ್ಕೆ ಪರಿಹಾರವಾಗಿ ಶಿವಮೊಗ್ಗದಲ್ಲಿ 1939ರಲ್ಲೇ ಮ್ಯಾಮ್ಕೋಸ್ ಹುಟ್ಟಿತು. ಅಂದರೆ ತೋಟವಿದ್ದವರು ತಮ್ಮ ತಕ್ಕಡಿಯನ್ನು ತಾವೇ ಹಿಡಿಯಲು ಸಹಕಾರ ಸಂಘದ ದಾರಿ ಕಂಡುಕೊಂಡರು. ಗೇಣಿದಾರನಿಗೆ ಆ ದಾರಿಯೂ ಇರಲಿಲ್ಲ. ಸಂಘ ಕಟ್ಟಿದರೆ ಗದ್ದೆ ಹೋಗುತ್ತಿತ್ತು. ದೂರು ಒಂದೇ, ದಾರಿ ಎರಡಾಯಿತು. ನಮ್ಮ ಸದಸ್ಯರಲ್ಲಿ ಅಂದಿನ ಒಡೆಯರ ಮೊಮ್ಮಕ್ಕಳೂ ಇದ್ದಾರೆ, ಒಕ್ಕಲುಗಳ ಮೊಮ್ಮಕ್ಕಳೂ ಇದ್ದಾರೆ. ಈಗ ಎಲ್ಲರೂ ಒಂದೇ ತಕ್ಕಡಿಗೆ ಅಡಿಕೆ ಹಾಕುತ್ತೇವೆ. ಆದ್ದರಿಂದ ಈ ವಿಷಯವನ್ನು ಮುಚ್ಚಿಡುವುದಕ್ಕಿಂತ ಬಿಚ್ಚಿ ಹೇಳುವುದೇ ಮೇಲು ಎಂದು ನಮಗನಿಸುತ್ತದೆ.

ಸತ್ಯಾಗ್ರಹ ಗೆಲ್ಲಲಿಲ್ಲ. ಜೈಲಿನಿಂದ ಬಂದವರಿಗೆ ಗದ್ದೆ ಕಾದಿರಲಿಲ್ಲ. ಆದರೆ ಮರು ವರ್ಷ, 1952ರಲ್ಲಿ, ಮೊದಲ ಸಾರ್ವತ್ರಿಕ ಚುನಾವಣೆ ಬಂತು. ಸಾಗರ-ಹೊಸನಗರ ಕ್ಷೇತ್ರದಲ್ಲಿ ಕಾಂಗ್ರೆಸ್ಸಿನ ಪ್ರಬಲ ಅಭ್ಯರ್ಥಿ ಎ.ಆರ್. ಬದರಿನಾರಾಯಣರ ಎದುರು ಗೋಪಾಲಗೌಡರು ನಿಂತರು. ಕೈಯಲ್ಲಿ ಕಾಸಿಲ್ಲ. ‘ಒಂದು ವೋಟು, ಒಂದು ನೋಟು’ ಎಂದು ಕೇಳಿದರು. ಜನ ಎರಡನ್ನೂ ಕೊಟ್ಟರು. ಮತದಾರನಿಂದ ಹಣ ತೆಗೆದುಕೊಂಡ ಅಭ್ಯರ್ಥಿ ಅವನಿಗೆ ಲೆಕ್ಕ ಕೊಡಬೇಕಾಗುತ್ತದೆ, ಮತದಾರನಿಗೇ ಹಣ ಕೊಟ್ಟವನು ಯಾರಿಗೆ ಲೆಕ್ಕ ಕೊಡುತ್ತಾನೋ ಓದುಗರೇ ಯೋಚಿಸಬಹುದು. ಇಪ್ಪತ್ತೊಂಬತ್ತರ ವಯಸ್ಸಿನ ಗೌಡರು ಗೆದ್ದು ಸದನಕ್ಕೆ ಹೋದರು.

ಸದನದ ಸ್ಥಿತಿ ಹೇಗಿತ್ತು? 99 ಸ್ಥಾನಗಳಲ್ಲಿ ಕಾಂಗ್ರೆಸ್ಸಿಗೆ 74, ಸಮಾಜವಾದಿಗಳಿಗೆ 3. ಕೈಯೆತ್ತಿ ಎಣಿಸುವ ಕಡೆ ಮೂವರು ಏನು ಮಾಡಿಯಾರು? ಮಸೂದೆಯನ್ನು ತಡೆಯಲಾರರು, ಸರ್ಕಾರವನ್ನು ಅಲ್ಲಾಡಿಸಲಾರರು. ಆದರೆ ಪ್ರಶ್ನೆ ಕೇಳಬಹುದು. ಕೇಳಿದ ಪ್ರಶ್ನೆಗೆ ಮಂತ್ರಿ ಎದ್ದು ನಿಂತು ಉತ್ತರ ಹೇಳಲೇಬೇಕು, ಹೇಳಿದ್ದು ಅಚ್ಚಾಗಲೇಬೇಕು. ಕಣದಲ್ಲಿ ರಸೀದಿ ಸಿಗದವನಿಗೆ ಇದೊಂದು ಬಗೆಯ ರಸೀದಿ. ಗೇಣಿಯ ಪ್ರಶ್ನೆಯನ್ನು ಗೌಡರು ಬಿಡಲಿಲ್ಲ. ಅದರ ಜೊತೆಗೆ ಕನ್ನಡದ ಪ್ರಶ್ನೆಯನ್ನೂ ಹಿಡಿದರು. ಆಡಳಿತ ಕನ್ನಡದಲ್ಲಿ ನಡೆಯಬೇಕು, ರಾಜ್ಯಕ್ಕೆ ಕರ್ನಾಟಕ ಎಂಬ ಹೆಸರಿರಬೇಕು ಎಂಬುದು ಅವರ ಹಟ. ತಾಲ್ಲೂಕು ಕಚೇರಿಯಲ್ಲಿ ಇಂಗ್ಲಿಷಿನ ಕಾಗದ ಹಿಡಿದು ಕಣ್ಣು ಕಣ್ಣು ಬಿಟ್ಟವರಿಗೆ ಅದೂ ಜಮೀನಿನ ಪ್ರಶ್ನೆಯೇ ಆಗಿತ್ತು.

ಸರ್ಕಾರದ ಸಾಲಿನಲ್ಲಿ ಕೆಲಸ ಮಾಡುವವರೇ ಇರಲಿಲ್ಲ ಎಂದರೆ ತಪ್ಪಾಗುತ್ತದೆ. ತೀರ್ಥಹಳ್ಳಿಯವರೇ ಆದ ಕಡಿದಾಳ ಮಂಜಪ್ಪನವರು ಕಂದಾಯ ಮಂತ್ರಿಗಳಾಗಿ 1952ರ ಗೇಣಿ ಶಾಸನ ತಂದರು. 1956ರಲ್ಲಿ ಕೆಲವು ವಾರ ಮುಖ್ಯಮಂತ್ರಿಗಳೂ ಆದರು. ಒಂದೇ ತಾಲ್ಲೂಕಿನ ಇಬ್ಬರು, ಒಬ್ಬರು ಖಾತೆ ಹಿಡಿದು, ಇನ್ನೊಬ್ಬರು ಪ್ರಶ್ನೆ ಹಿಡಿದು. ಎದುರಿನಿಂದ ಒತ್ತುವವರು ಇಲ್ಲದಿದ್ದರೆ ಮಂಜಪ್ಪನವರಂಥ ಸಜ್ಜನರಿಗೂ ತಮ್ಮದೇ ಪಕ್ಷದ ಜಮೀನ್ದಾರರನ್ನು ಒಪ್ಪಿಸುವುದು ಇನ್ನೂ ಕಷ್ಟವಾಗುತ್ತಿತ್ತು ಎಂಬುದು ನಮ್ಮ ಎಣಿಕೆ.

1957ರಲ್ಲಿ ಗೌಡರು ಸೋತರು. 1962ರಲ್ಲಿ ಗೆದ್ದರು, 1967ರಲ್ಲಿ ತೀರ್ಥಹಳ್ಳಿಯಿಂದ ಮತ್ತೆ ಗೆದ್ದರು. ಆ ಸಲ 216 ಸ್ಥಾನಗಳಲ್ಲಿ ಕಾಂಗ್ರೆಸ್ಸಿಗೆ 126, ಗೌಡರ ಸಂಯುಕ್ತ ಸಮಾಜವಾದಿ ಪಕ್ಷಕ್ಕೆ 6. ಹದಿನೈದು ವರ್ಷದ ದುಡಿಮೆಯ ಫಲ ಲೆಕ್ಕದಲ್ಲಿ ಇಷ್ಟೇ. ಆದರೆ ಆ ವರ್ಷವೇ ಸೊರಬದಿಂದ ಎಸ್. ಬಂಗಾರಪ್ಪನವರು ವಿಧಾನಸಭೆಗೆ, ಶಿವಮೊಗ್ಗದಿಂದ ಜೆ.ಎಚ್. ಪಟೇಲರು ಲೋಕಸಭೆಗೆ ಅದೇ ಪಕ್ಷದಿಂದ ಹೋದರು. ಪಟೇಲರು ದೆಹಲಿಯಲ್ಲಿ ಕನ್ನಡದಲ್ಲೇ ಮಾತನಾಡಿದರು. ಮುಂದೆ ಇಬ್ಬರೂ ಮುಖ್ಯಮಂತ್ರಿಗಳಾದರು, ಬೇರೆ ಬೇರೆ ಪಕ್ಷಗಳಿಂದ! ಗರಡಿ ಒಂದೇ.

ಗೌಡರು ದೇವತೆಯಲ್ಲ. ಸಿಟ್ಟು ಮೂಗಿನ ತುದಿಯಲ್ಲಿ. ಆರೋಗ್ಯದ ಕಡೆ ಗಮನವಿಲ್ಲ. ಪಕ್ಷ ಒಡೆಯುವುದು, ಕೂಡುವುದು, ಮತ್ತೆ ಒಡೆಯುವುದು ಸಮಾಜವಾದಿಗಳ ಚಾಳಿ, ಅದರಿಂದ ಅವರ ಶಕ್ತಿಯೂ ಸೋರಿತು. ದೀರ್ಘ ಕಾಲದ ಕಾಯಿಲೆಯ ನಂತರ 1972ರ ಜೂನ್ 9ರಂದು ತೀರಿಕೊಂಡಾಗ ವಯಸ್ಸು 49. ಆಸ್ತಿ ಮಾಡಿರಲಿಲ್ಲ. ಅನಂತಮೂರ್ತಿಯವರ ‘ಅವಸ್ಥೆ’ ಕಾದಂಬರಿಯ ನಾಯಕನಿಗೆ ಗೌಡರೇ ಮಾದರಿ ಎಂಬುದು ಓದುಗರಿಗೆ ತಿಳಿದಿರಬಹುದು.

ಅವರು ತೀರಿಕೊಳ್ಳುವ ಮೂರು ತಿಂಗಳ ಹಿಂದೆಯಷ್ಟೇ ದೇವರಾಜ ಅರಸರು ಮುಖ್ಯಮಂತ್ರಿಗಳಾಗಿದ್ದರು. 1973ರ ನವೆಂಬರ್ 1ರಂದು ರಾಜ್ಯದ ಹೆಸರು ಕರ್ನಾಟಕವಾಯಿತು. 1974ರ ಮಾರ್ಚ್ 1ರಿಂದ ಗೇಣಿ ಜಮೀನೆಲ್ಲ ಸರ್ಕಾರದಲ್ಲಿ ನಿಹಿತವಾಗಿ, ಉಳುವವನು ಫಾರಂ ನಂ. 7ರಲ್ಲಿ ಡಿಕ್ಲರೇಷನ್ ಹಾಕಿ ತನ್ನದೆಂದು ಕೇಳಬಹುದಾಯಿತು. ವಿಚಾರಣೆ ಭೂ ನ್ಯಾಯಮಂಡಳಿಯ ಮುಂದೆ. ವಕೀಲರಿಗೆ ಅಲ್ಲಿ ಪ್ರವೇಶವಿರಲಿಲ್ಲ, ರೈತನೇ ತನ್ನ ಮಾತು ಹೇಳಬೇಕಿತ್ತು. ಕಾಯಿದೆ ತಂದದ್ದು ಆಳುವ ಪಕ್ಷ, ಕೀರ್ತಿ ಅರಸರಿಗೆ ಸಲ್ಲಬೇಕಾದದ್ದೇ. ಆದರೆ ‘ಉಳುವವನೇ ಹೊಲದೊಡೆಯ’ ಎಂಬ ಮಾತನ್ನು ಇಪ್ಪತ್ತು ವರ್ಷ ಬೈಗುಳ ತಿಂದು ಬಾಳಿಸಿದವರು ಎದುರು ಸಾಲಿನವರು.

ತೋಟದವರಿಗೆ ಇದರಲ್ಲಿ ಒಂದು ಸೂಕ್ಷ್ಮವಿತ್ತು. ಕಾಫಿ, ಟೀ, ರಬ್ಬರ್, ಏಲಕ್ಕಿ, ಮೆಣಸು ಮುಖ್ಯ ಬೆಳೆಯಾಗಿರುವ ಪ್ಲಾಂಟೇಷನ್‌ಗಳನ್ನು ಕಾಯಿದೆ ಬಹುಮಟ್ಟಿಗೆ ಹೊರಗಿಟ್ಟಿತು. ಅಡಿಕೆಯನ್ನು ಆ ಪಟ್ಟಿಗೆ ಸೇರಿಸಲಿಲ್ಲ. ಗೇಣಿಗೆ ಕೊಟ್ಟ ಅಡಿಕೆ ತೋಟ ಒಕ್ಕಲಿಗೆ ಹೋಯಿತು, ಕಾಫಿ ಎಸ್ಟೇಟು ಉಳಿಯಿತು. ತಮಗೆ ಅನ್ಯಾಯವಾಯಿತೆಂಬ ನೋವು ಮಲೆನಾಡಿನ ಕೆಲವು ಮನೆಗಳಲ್ಲಿ ಇನ್ನೂ ಇದೆ. ಅವರಲ್ಲೂ ಕೆಲವರು ಎರಡೆಕರೆಯ ಬಡ ಒಡೆಯರೇ ಆಗಿದ್ದರು ಎಂಬುದು ನಿಜ.

ವೇಮಗಲ್‌ನವರಿಗೆ ಮುಂದಿನ ಕಥೆ ನಮಗಿಂತ ಚೆನ್ನಾಗಿ ಗೊತ್ತು. 1983ರಲ್ಲಿ ಜನತಾ ಪಕ್ಷ 224ರಲ್ಲಿ 95 ಸ್ಥಾನ ಗೆದ್ದು, ಸಿದ್ದಾಪುರದ ಅಡಿಕೆ ಸೀಮೆಯ ರಾಮಕೃಷ್ಣ ಹೆಗಡೆಯವರು ರಾಜ್ಯದ ಮೊದಲ ಕಾಂಗ್ರೆಸ್ಸೇತರ ಮುಖ್ಯಮಂತ್ರಿಗಳಾದರು. ವೇಮಗಲ್ ಕ್ಷೇತ್ರದ ಸಿ. ಬೈರೇಗೌಡರು ಜನತಾ ಪರಿವಾರದ ಸರ್ಕಾರದಲ್ಲಿ ಕೃಷಿ ಮಂತ್ರಿಗಳಾದರು. 2008ರ ಚುನಾವಣೆಯ ಹೊತ್ತಿಗೆ ಕ್ಷೇತ್ರ ಪುನರ್ವಿಂಗಡಣೆಯಲ್ಲಿ ವೇಮಗಲ್ ಎಂಬ ಕ್ಷೇತ್ರವೇ ಇಲ್ಲವಾಯಿತು.

ಕಾಯಿದೆಯೂ ಹಾಗೇ ಉಳಿದಿಲ್ಲ. ಕೃಷಿಕರಲ್ಲದವರು ಜಮೀನು ಕೊಳ್ಳದಂತೆ ತಡೆದಿದ್ದ 79ಎ, 79ಬಿ ಕಲಮುಗಳನ್ನು 2020ರಲ್ಲಿ ತೆಗೆದುಹಾಕಲಾಯಿತು. ಈಗ ನಿಮ್ಮ ಬೇಲಿಯಾಚೆಯ ತೋಟವನ್ನು ಯಾರು ಬೇಕಾದರೂ ಕೊಳ್ಳಬಹುದು. ಆದ್ದರಿಂದ ಹಿರಿಯರ ಕಾಲದಲ್ಲಿ ನ್ಯಾಯಮಂಡಳಿಯಿಂದ ಜಮೀನು ಬಂದ ಸದಸ್ಯರು ಫಾರಂ ನಂ. 10ರ ಹಕ್ಕುಪತ್ರ ಮನೆಯಲ್ಲಿದೆಯೇ, ಪಹಣಿಯಲ್ಲಿ ಹೆಸರು ಸರಿಯಾಗಿ ಏರಿದೆಯೇ, ವಿಸ್ತೀರ್ಣ ತಾಳೆಯಾಗುತ್ತದೆಯೇ ಎಂದು ಈ ಮಳೆಗಾಲಕ್ಕೆ ಮೊದಲು ಒಮ್ಮೆ ನೋಡಿಕೊಳ್ಳುವುದು ಒಳ್ಳೆಯದು. ಹಕ್ಕುಪತ್ರ ಕಳೆದುಹೋಗಿದ್ದರೆ ತಾಲ್ಲೂಕು ಕಚೇರಿಯಲ್ಲಿ ದೃಢೀಕೃತ ನಕಲಿಗೆ ಅರ್ಜಿ ಕೊಡಬಹುದು. ಕೊಟ್ಟ ಅರ್ಜಿಗೆ ರಸೀದಿ ಕೇಳಿ ಪಡೆಯಿರಿ.