ಲಾಯಿಲದ ದಾರಿಯಲ್ಲಿ ಅರುವತ್ತನಾಲ್ಕು ಮನೆ

ಜುಲೈ ತಿಂಗಳ ಆದಿತ್ಯವಾರ, ಬೆಳಿಗ್ಗೆ ಎಂಟರ ಸುಮಾರು. ಬೆಳ್ತಂಗಡಿ ಪೇಟೆ ದಾಟಿ ಉಜಿರೆಯ ಕಡೆ ಹೊರಟ ಬಸ್ಸು ಲಾಯಿಲದಲ್ಲಿ ನಿಂತರೆ ಹೊರಗೆ ಬಿಟ್ಟೂಬಿಡದ ಮಳೆ. ಗಡಾಯಿಕಲ್ಲು ಮೋಡದೊಳಗೆ ಎಲ್ಲೋ ಇದೆ, ಕಾಣಿಸುವುದಿಲ್ಲ. ರಸ್ತೆಬದಿಯ ಅಡಿಕೆ ತೋಟಗಳಲ್ಲಿ ಕೊಳೆರೋಗಕ್ಕೆ ಬೋರ್ಡೋ ಹೊಡೆಯಲು ಒಂದು ಹೊಳವು ಸಿಕ್ಕೀತೇ ಎಂದು ಕಾಯುವ ದಿನಗಳಿವು. ಕೊಡೆ ಮಡಚಿ ಬಸ್ಸು ಹತ್ತುವ ಇಬ್ಬರು ಮಕ್ಕಳ ಚೀಲದಲ್ಲಿ ಮಾತ್ರ ಶಾಲೆಯ ಪುಸ್ತಕಗಳಿಲ್ಲ. ಸುರುಳಿ ಸುತ್ತಿದ ರೆಕ್ಸಿನ್ ಬೋರ್ಡು, ಪ್ಲಾಸ್ಟಿಕ್ ಕಾಯಿಗಳ ಚೀಲ, ಮಧ್ಯಾಹ್ನದ ಬುತ್ತಿ. ತಾಲೂಕಿನ ಒಂದು ಶಾಲೆಯಲ್ಲಿ ಚೆಸ್ ಪಂದ್ಯಾಟ.

ಸಭಾಂಗಣದಲ್ಲಿ ಉದ್ದುದ್ದ ಮೇಜುಗಳನ್ನು ಜೋಡಿಸಿದ್ದಾರೆ. ಪ್ರತಿ ಬೋರ್ಡಿನ ಪಕ್ಕ ಸಂಖ್ಯೆ ಬರೆದ ಚೀಟಿ, ಎರಡು ಪೆನ್ಸಿಲು, ಒಂದು ಗಡಿಯಾರ. ಗೋಡೆಗೆ ಅಂಟಿಸಿದ ಹಾಳೆಯ ಮುಂದೆ ತಲೆಗಳ ಗುಂಪು: ಯಾರಿಗೆ ಯಾರು ಎದುರಾಳಿ, ಯಾವ ಬೋರ್ಡು, ಬಿಳಿಯೋ ಕಪ್ಪೋ. ಹೆಸರು ಸಿಕ್ಕಿದ ಕೂಡಲೇ ಅಪ್ಪನ ಕಡೆ ಓಡುವ ಹುಡುಗನ ಮುಖ ನೋಡಿದರೆ ಸಾಕು, ಎದುರಾಳಿ ಎಂಥವನೆಂದು ತಿಳಿಯುತ್ತದೆ. ತೀರ್ಪುಗಾರರು ಮೈಕಿನಲ್ಲಿ ನಿಯಮ ಹೇಳುತ್ತಾರೆ. ಮುಟ್ಟಿದ ಕಾಯಿಯನ್ನು ನಡೆಸಲೇಬೇಕು, ಮಾತಾಡಬಾರದು, ಮೊಬೈಲ್ ಹೊರಗೆ. ಆಮೇಲೆ ಎಲ್ಲರೂ ಕೈಕುಲುಕುತ್ತಾರೆ, ನೂರಾರು ಗಡಿಯಾರದ ಗುಂಡಿಗಳು ಒಟ್ಟಿಗೆ ಸದ್ದು ಮಾಡುತ್ತವೆ. ಅಷ್ಟು ಮಕ್ಕಳಿರುವ ಜಾಗದಲ್ಲಿ ಹಂಚಿನ ಮೇಲೆ ಬೀಳುವ ಮಳೆ ಮಾತ್ರ ಕೇಳಿಸುತ್ತದೆ.

ಹನ್ನೊಂದನೆಯ ಬೋರ್ಡಿನಲ್ಲಿ ಎರಡು ಜಡೆಯ ಹುಡುಗಿ. ಮನೆಯಲ್ಲಿ ತುಳು, ಶಾಲೆಯಲ್ಲಿ ಕನ್ನಡ; ನಡೆಗಳನ್ನು ಬರೆಯುವ ಹಾಳೆಯಲ್ಲಿ ಮಾತ್ರ ಮೂರನೆಯದೊಂದು ಭಾಷೆ. ಎಡಗೈಯಲ್ಲಿ ಹಾಳೆ ಒತ್ತಿ ಹಿಡಿದು ‘ಎನ್‌ಎಫ್3’ ಎಂದು ಬರೆಯುತ್ತಾಳೆ. ಊಟದ ಹೊತ್ತಿಗೆ ಅಮ್ಮನಿಗೆ ಹೇಳುವಾಗ ಅದೇ ನಡೆ ‘ಕುದುರೆ ಹೊರಗೆ ತೆಗ್ದೆ’ ಆಗುತ್ತದೆ. ಒಂಟೆಯನ್ನು ಮುಟ್ಟುವ ಮೊದಲು ಕೈಯನ್ನು ತೊಡೆಯ ಕೆಳಗೆ ಇಟ್ಟುಕೊಳ್ಳುತ್ತಾಳೆ. ಅವಸರದ ಬೆರಳನ್ನು ತಡೆಯಲು ತರಬೇತುದಾರರು ಚಿಕ್ಕ ಮಕ್ಕಳಿಗೆ ಕಲಿಸುವ ಹಳೆಯ ಉಪಾಯ ಅದು. ಎದುರಿನ ಹುಡುಗ ಆನೆಯನ್ನು ಸುಮ್ಮನೆ ಬಿಟ್ಟಿದ್ದಾನೆ. ಅವಳಿಗದು ಕಂಡಿದೆ. ಆದರೂ ಕೈ ಹೊರಗೆ ಬರುವುದಿಲ್ಲ, ಇನ್ನೊಮ್ಮೆ ನೋಡುತ್ತಾಳೆ.

ಇಂಥ ಸಭಾಂಗಣಗಳ ಬಗ್ಗೆ ಈ ತಾಲೂಕಿನಲ್ಲಿ ಬರೆಯುವುದಕ್ಕೆ ಬಲವಾದ ಕಾರಣವಿದೆ. ಕರ್ನಾಟಕದ ಮೊದಲ ಮಹಿಳಾ ಗ್ರ್ಯಾಂಡ್‌ಮಾಸ್ಟರ್ ಬೆಂಗಳೂರಿನವರಲ್ಲ, ಮೈಸೂರಿನವರೂ ಅಲ್ಲ. ಬೆಳ್ತಂಗಡಿಯವರು, ಇಶಾ ಶರ್ಮ. ವೈದ್ಯಕೀಯ ಓದನ್ನು ಬಿಡದೆ ಆಡಿ ಆ ಬಿರುದು ಗಳಿಸಿದರು. ಅಂಗರಚನೆಯ ಪುಸ್ತಕಗಳ ಜೊತೆಗೆ ಆರಂಭದ ನಡೆಗಳ ಪಾಠವನ್ನೂ ಹೊತ್ತು ತಿರುಗುವುದು ಎಂಥ ಕೆಲಸವೆಂದು, ಪರೀಕ್ಷೆಯ ಹಿಂದಿನ ರಾತ್ರಿ ಕಳೆದ ಯಾರಿಗಾದರೂ ಅರ್ಥವಾದೀತು. ಇದನ್ನು ಈ ಸೀಮೆ ಇನ್ನೂ ಜೋರಾಗಿ ಹೇಳಿಕೊಳ್ಳಬೇಕಿತ್ತು ಎಂದು ನನಗೆ ಅನ್ನಿಸುತ್ತದೆ. ಕಂಬಳದಲ್ಲಿ ಗೆದ್ದ ಕೋಣಗಳ ಹೆಸರು ನಮ್ಮ ಬಾಯಲ್ಲಿರುತ್ತದೆ. ಈ ಹೆಸರೂ ಹಾಗೆಯೇ ಇರಬೇಕು.

ಬಿರುದಿನ ಲೆಕ್ಕವನ್ನು ತಿಳಿದರೆ ದಾರಿಯ ಉದ್ದ ತಿಳಿಯುತ್ತದೆ. ವಿಶ್ವ ಚೆಸ್ ಸಂಸ್ಥೆ ಫಿಡೆ ಗ್ರ್ಯಾಂಡ್‌ಮಾಸ್ಟರ್ ಬಿರುದನ್ನು ಕೊಡತೊಡಗಿದ್ದು 1950ರಲ್ಲಿ. ಮೊದಲ ಪಟ್ಟಿಯಲ್ಲಿದ್ದವರು 27 ಮಂದಿ. ಮಹಿಳಾ ಗ್ರ್ಯಾಂಡ್‌ಮಾಸ್ಟರ್ ಬಿರುದು ಬಂದದ್ದು 1976ರಲ್ಲಿ. ಅದಕ್ಕೆ ರೇಟಿಂಗ್ 2300 ಮುಟ್ಟಬೇಕು, ಜೊತೆಗೆ ಮೂರು ನಾರ್ಮ್ ಬೇಕು. ನಾರ್ಮ್ ಎಂದರೆ, ಸಾಮಾನ್ಯವಾಗಿ ಒಂಬತ್ತು ಸುತ್ತಿನ ಒಂದು ಪಂದ್ಯಾಟದುದ್ದಕ್ಕೂ 2400 ರೇಟಿಂಗ್‌ನವರ ಮಟ್ಟದ ಆಟ. ಗ್ರ್ಯಾಂಡ್‌ಮಾಸ್ಟರ್ ಆಗುವುದಕ್ಕೆ ಇದೇ ಅಂಕಿಗಳು 2500 ಮತ್ತು 2600. ಚೆನ್ನಾಗಿ ಆಡಿದರಷ್ಟೇ ಸಾಲದು. ಎದುರಾಳಿಗಳಲ್ಲಿ ಅರ್ಧದಷ್ಟು ಮಂದಿಯಾದರೂ ಬಿರುದು ಉಳ್ಳವರಾಗಿರಬೇಕು, ಹೊರದೇಶದವರೂ ಇರಬೇಕು. ಈ ಕೊನೆಯ ಮಾತೇ ಲಾಯಿಲದಂಥ ಊರಿನ ಮಕ್ಕಳನ್ನು ಕಟ್ಟಿಹಾಕುವುದು. ಇಲ್ಲಿಂದ ಮಂಗಳೂರು 60 ಕಿಲೋಮೀಟರಿನ ಆಸುಪಾಸು. ಬೆಂಗಳೂರಿಗೆ ಘಾಟಿ ಹತ್ತಿ ರಾತ್ರಿಯಿಡೀ ಪ್ರಯಾಣ. ಮಳೆಗಾಲದಲ್ಲಿ ಚಾರ್ಮಾಡಿಯಲ್ಲಿ ಗುಡ್ಡ ಜರಿದರೆ ಅದೂ ಇಲ್ಲ. ಅಲ್ಲಿಂದ ಮುಂದೆ ಚೆನ್ನೈ, ಕೋಲ್ಕತ್ತ, ದೆಹಲಿ, ಕೊನೆಗೆ ಯೂರೋಪು.

ರೇಟಿಂಗ್ ಎಂಬುದು ಬಹಳ ನಿಷ್ಠುರ. 2250ರ ಹತ್ತಿರವಿರುವ ವಯಸ್ಕ ಆಟಗಾರ್ತಿ ತನಗಿಂತ 200 ಅಂಕ ಕಡಿಮೆ ಇರುವವರನ್ನು ಗೆದ್ದರೆ ಸಿಗುವುದು ಸುಮಾರು ಐದು ಅಂಕ. ಡ್ರಾ ಆದರೆ ಐದು ಹೋಯಿತು. ಸೋತರೆ ಹದಿನೈದು. ಊರ ಪಂದ್ಯಾಟಗಳಲ್ಲಿ ಬಲವಾದ ಆಟಗಾರರು ಕಾಣಿಸಿಕೊಳ್ಳುವುದು ಕಡಿಮೆ ಏಕೆಂಬುದಕ್ಕೆ ಉತ್ತರ ಈ ಮೂರು ಸಂಖ್ಯೆಗಳಲ್ಲಿದೆ. ಅಹಂಕಾರವಲ್ಲ ಅದು, ವರ್ಷಗಟ್ಟಲೆ ಕೂಡಿಸಿದ್ದು ಒಂದು ಮಧ್ಯಾಹ್ನದಲ್ಲಿ ಕರಗಬಾರದೆಂಬ ಎಚ್ಚರ.

ಕರ್ನಾಟಕದ ಕತೆಯೂ ತಡವಾಗಿ ಶುರುವಾದದ್ದೇ. ವಿಶ್ವನಾಥನ್ ಆನಂದ್ ಭಾರತದ ಮೊದಲ ಗ್ರ್ಯಾಂಡ್‌ಮಾಸ್ಟರ್ ಆದದ್ದು 1988ರಲ್ಲಿ. ಪಕ್ಕದ ತಮಿಳುನಾಡಿನಲ್ಲಿ ಆಮೇಲೆ ಸಾಲು ಸಾಲಾಗಿ ಬಿರುದುಗಳು ಬಂದವು. ನಮ್ಮ ರಾಜ್ಯ ಕಾದದ್ದು 2017ರ ವರೆಗೆ. ಆಗ ಬಿರುದು ಮುಟ್ಟಿದವರು ಮೈಸೂರಿನ ಎಂ.ಎಸ್. ತೇಜ್‌ಕುಮಾರ್, ರೈಲ್ವೆ ನೌಕರರು. 1981ರಲ್ಲಿ ಹುಟ್ಟಿದವರು. ಹನ್ನೆರಡು ಹದಿಮೂರರ ಹುಡುಗರು ಗ್ರ್ಯಾಂಡ್‌ಮಾಸ್ಟರ್ ಆಗಿ ಪತ್ರಿಕೆಯ ಮುಖಪುಟಕ್ಕೆ ಬರುವ ಕಾಲದಲ್ಲಿ, ಕೆಲಸ ಮಾಡಿಕೊಂಡು ಮೂವತ್ತೈದರ ಆಚೆಯೂ ಬಿಡದೆ ಆಡಿ ಅದನ್ನು ಪಡೆದ ಅವರ ಬಗ್ಗೆ ನನಗೆ ವಿಶೇಷವಾದ ಗೌರವ. ಮರುವರ್ಷ ಶಿವಮೊಗ್ಗದ ಜಿ.ಎ. ಸ್ಟ್ಯಾನಿ, 2019ರಲ್ಲಿ ಮತ್ತೆ ಮೈಸೂರಿನಿಂದ ಗಿರೀಶ್ ಕೌಶಿಕ್. 2022ರ ಸೆಪ್ಟೆಂಬರಿನಲ್ಲಿ ಬೆಂಗಳೂರಿನ ಪ್ರಣವ್ ಆನಂದ್ ರೊಮೇನಿಯಾದ ಮಮಾಯಾದಲ್ಲಿ 16 ವರ್ಷದೊಳಗಿನವರ ವಿಶ್ವ ಚಾಂಪಿಯನ್ ಆದರು, ಅದೇ ಪಂದ್ಯಾಟದಲ್ಲಿ 2500 ದಾಟಿ ದೇಶದ 76ನೆಯ ಗ್ರ್ಯಾಂಡ್‌ಮಾಸ್ಟರ್ ಕೂಡ ಆದರು. ಕರಾವಳಿಯಲ್ಲಿ ಮಂಗಳೂರಿನ ವಿಯಾನಿ ಆಂಟೋನಿಯೊ ಡಿಕುನ್ಹ ಇಂಟರ್‌ನ್ಯಾಷನಲ್ ಮಾಸ್ಟರ್ ಆಗಿದ್ದಾರೆ.

ಮೈಸೂರಿನ ಹೆಸರು ಬಂದಾಗ ಮುಮ್ಮಡಿ ಕೃಷ್ಣರಾಜ ಒಡೆಯರು ನೆನಪಾಗದೆ ಇರುವುದಿಲ್ಲ. ಕುದುರೆಯೊಂದು ಅರುವತ್ತನಾಲ್ಕು ಮನೆಗಳನ್ನೂ ಒಂದೊಂದೇ ಬಾರಿ ಮುಟ್ಟಿ ಬರುವ ಬಂಧಗಳನ್ನು ಹೊಸೆಯುವುದರಲ್ಲಿ ಆ ದೊರೆಗೆ ಅಪಾರ ಆಸಕ್ತಿ. ಚದುರಂಗ ಈ ನಾಡಿಗೆ ಹೊಸದಲ್ಲ. ಇಲ್ಲದೆ ಇದ್ದದ್ದು ಪಂದ್ಯಾಟ.

ಮಧ್ಯಾಹ್ನ ಎರಡಕ್ಕೆ ನಾಲ್ಕನೆಯ ಸುತ್ತು. ಹೊರಗಿನ ಜಗಲಿಯಲ್ಲಿ ಅಪ್ಪಂದಿರು, ಅಮ್ಮಂದಿರು. ಒಬ್ಬರು ಫೋನಿನಲ್ಲಿ ತೋಟದ ಆಳಿಗೆ ಏನೋ ಹೇಳುತ್ತಿದ್ದಾರೆ. ಇನ್ನೊಬ್ಬರು ಸೋತು ಬಂದ ಮಗನ ಹಾಳೆಯನ್ನು ಓದುತ್ತಿದ್ದಾರೆ, ಅವರಿಗೆ ಆಟ ಬಾರದು. ‘ಇಲ್ಲಿಯ ತನಕ ಸರಿ ಇತ್ತು ಅಲ್ವಾ ಮಗಾ?’ ಎಂದು ಬೆರಳಿಟ್ಟು ಕೇಳುತ್ತಾರೆ. ಹುಡುಗ ತಲೆಯಾಡಿಸುತ್ತಾನೆ, ಅಳು ನಿಲ್ಲುತ್ತದೆ. ಒಳಗೆ ಹನ್ನೊಂದನೆಯ ಬೋರ್ಡಿನ ಹುಡುಗಿ ಈಗ ಐದನೆಯ ಬೋರ್ಡಿನಲ್ಲಿದ್ದಾಳೆ. ಎದುರಿಗೆ ಮಂಗಳೂರಿನಿಂದ ಬಂದ, ಫಿಡೆ ರೇಟಿಂಗ್ ಇರುವ ಹುಡುಗ. ಫಿಡೆ ಮಾನ್ಯತೆಯ ಪಂದ್ಯಾಟಗಳಲ್ಲಿ ಅಂಥ ಐವರೊಡನೆ ಆಡಿ ಸಾಕಷ್ಟು ಅಂಕ ಗಳಿಸಿದರೆ ಅವಳಿಗೂ ಒಂದು ರೇಟಿಂಗ್ ಬಂದೀತು. 2024ರ ಮಾರ್ಚಿನಿಂದ ಪಟ್ಟಿಯ ಕೆಳಗಿನ ಮೆಟ್ಟಿಲು 1400. ಅಲ್ಲಿಂದ ಇಶಾ ಮುಟ್ಟಿದ ಮೆಟ್ಟಿಲಿಗೆ 900 ಅಂಕ.

ಮಹಿಳಾ ಬಿರುದಿನ ಅಳತೆ ಕಡಿಮೆಯದು ಎಂದು ಮೂಗೆಳೆಯುವವರಿದ್ದಾರೆ. 200 ಅಂಕ ಕಡಿಮೆ ಎಂಬುದು ನಿಜ. ಆದರೆ ಪೂರ್ಣ ಗ್ರ್ಯಾಂಡ್‌ಮಾಸ್ಟರ್ ಬಿರುದಿನ ಭಾರತೀಯ ಮಹಿಳೆಯರನ್ನು ನೋಡಿ: 2002ರಲ್ಲಿ ಕೊನೇರು ಹಂಪಿ, ಆಮೇಲೆ ದ್ರೋಣವಲ್ಲಿ ಹಾರಿಕಾ, ಆರ್. ವೈಶಾಲಿ, ದಿವ್ಯಾ ದೇಶ್‌ಮುಖ್. ನಾಲ್ವರೂ ಮೊದಲು ಹತ್ತಿದ್ದು ಮಹಿಳಾ ಗ್ರ್ಯಾಂಡ್‌ಮಾಸ್ಟರ್ ಎಂಬ ಮೆಟ್ಟಿಲನ್ನೇ. ದಿವ್ಯಾ 2025ರ ಜುಲೈಯಲ್ಲಿ ಜಾರ್ಜಿಯಾದ ಬಟುಮಿಯಲ್ಲಿ ಹಂಪಿಯನ್ನೇ ಸೋಲಿಸಿ ಮಹಿಳಾ ವಿಶ್ವಕಪ್ ಗೆದ್ದಾಗ, ನಾರ್ಮ್‌ಗಳ ಹಂಗಿಲ್ಲದೆ ಬಿರುದು ನೇರವಾಗಿ ಕೈಸೇರಿತು.

ಬೆಂಗಳೂರಿನಲ್ಲಿ 2024ರ ಜನವರಿಯಲ್ಲಿ ಅಂತಾರಾಷ್ಟ್ರೀಯ ಗ್ರ್ಯಾಂಡ್‌ಮಾಸ್ಟರ್ಸ್ ಓಪನ್ ಶುರುವಾಯಿತು. ಹೊರದೇಶದ ಗ್ರ್ಯಾಂಡ್‌ಮಾಸ್ಟರುಗಳು ಕನ್ನಡ ನೆಲಕ್ಕೇ ಬಂದು ಆಡಿದರು. ಕರಾವಳಿಗೂ ಅಂಥದ್ದೊಂದು ಪ್ರತಿವರ್ಷ ಬೇಕು. ಮಂಗಳೂರಿಗೆ ವಿಮಾನವಿದೆ. ಗುರುವಾಯನಕೆರೆ, ವೇಣೂರು ದಾಟಿದರೆ ಮೂಡುಬಿದಿರೆ; ಆಳ್ವಾಸ್ ವಿರಾಸತ್‌ಗೆ ಬರುವ ಸಾವಿರಾರು ಜನರಿಗೆ ಊಟ, ವಸತಿ ಮಾಡಿ ಪಳಗಿದ ಊರು. ದೊಡ್ಡ ಸಭಾಂಗಣ, ಇನ್ನೂರು ಬೋರ್ಡು, ಹತ್ತು ದಿನದ ಆತಿಥ್ಯ ಇಲ್ಲಿನವರಿಗೆ ಹೊಸ ಕೆಲಸವೇನಲ್ಲ. ಅಲ್ಲಿ ಒಂಬತ್ತು ಸುತ್ತಿನ ನಾರ್ಮ್ ಪಂದ್ಯಾಟ ನಡೆದರೆ ಲಾಯಿಲದ ಹುಡುಗಿ ಮನೆಯಲ್ಲೇ ನೀರ್ದೋಸೆ ತಿಂದು ಬಸ್ಸು ಹತ್ತಿ, ಹತ್ತು ಗಂಟೆಗೆ ಗ್ರ್ಯಾಂಡ್‌ಮಾಸ್ಟರ್ ಒಬ್ಬರ ಎದುರು ಕೂತು ಕೈಕುಲುಕಬಹುದು.