ಹೆಸರಿಟ್ಟವರ ಕಾಡು

ಬಿಳಿಗಿರಿರಂಗನ ಬೆಟ್ಟದ ಭಾರ್ಗವಿ ಹೊಳೆಯ ಪಕ್ಕ ದೊಡ್ಡಸಂಪಿಗೆ ಮರವಿದೆ. ಅದರ ಬುಡದಲ್ಲಿ ಸಾಲು ಸಾಲು ಲಿಂಗದ ಕಲ್ಲುಗಳಿವೆ. ಗೋಡೆ, ಗೋಪುರಗಳಿಲ್ಲದ ಆ ಜಾಗ ಇಲ್ಲಿನ ಆದಿವಾಸಿಗಳಾದ ಸೋಲಿಗರಿಗೆ ಗುಡಿ. ಚಾಮರಾಜನಗರ ಜಿಲ್ಲೆಯ ಈ ಕಾಡು 1974ರಲ್ಲಿ ಅಭಯಾರಣ್ಯವಾಯಿತು. ಒಳಗಿನ ಪೋಡುಗಳಲ್ಲಿ, ಅಂದರೆ ಸೋಲಿಗರ ಹಾಡಿಗಳಲ್ಲಿ, ಇದ್ದವರನ್ನು ಎಬ್ಬಿಸಿ ಅಂಚಿಗೆ ತಂದು ಕೂರಿಸಲಾಯಿತು. ಅತ್ತ ಗುಂಡ್ಲುಪೇಟೆ ಸೀಮೆಯ ಬಂಡೀಪುರ ಅದಕ್ಕೂ ಒಂದು ವರ್ಷ ಮೊದಲೇ ಹುಲಿ ಯೋಜನೆಗೆ ಸೇರಿತ್ತು. ಅಲ್ಲಿನ ಕಾಡಿನ ಮಕ್ಕಳ ಪಾಡೂ ಬೇರೆಯಾಗಿರಲಿಲ್ಲ. ವನ್ಯಜೀವಿ ಕಾಯ್ದೆಗೆ 2002ರಲ್ಲಿ ತಿದ್ದುಪಡಿ ಬಂದ ಮೇಲೆ ಬೆಟ್ಟದ ಜೇನು, ನೆಲ್ಲಿಕಾಯಿ ಮಾರುವುದಕ್ಕೂ ತಡೆ ಬಿತ್ತು. ಹೊಟ್ಟೆಪಾಡಿಗೆ ಕಲ್ಲು ಬಿದ್ದ ಆ ಹೊತ್ತಿನಲ್ಲಿ ಸೋಲಿಗರ ಮುಂದಾಳು ಸಿ. ಮಾದೇಗೌಡರು ಮತ್ತು ಸಂಗಡಿಗರು ಕೈಗೆತ್ತಿಕೊಂಡದ್ದು ನಕ್ಷೆಯ ಕೆಲಸ. ಹಿರಿಯರ ಹಿಂದೆ ಕಾಡು ಸುತ್ತಿ ದೇವರು, ಮಾರಮ್ಮ, ವೀರು, ಅಬ್ಬಿ, ಕಲ್ಲುಗುಡಿ ಎಂಬ ಬಗೆಗಳಲ್ಲಿ 400ಕ್ಕೂ ಹೆಚ್ಚು ಪವಿತ್ರ ತಾಣಗಳನ್ನು ಗುರುತಿಸಿದರು. ಹಳ್ಳಕ್ಕೂ ಬಂಡೆಗೂ ಹೆಸರಿಟ್ಟು ಕುಲವಾರು ಪೂಜಿಸುತ್ತ ಬಂದವರನ್ನು ಒತ್ತುವರಿದಾರರು ಎನ್ನುವುದು ಹೇಗೆ? ನನಗೆ ಇದಕ್ಕಿಂತ ಗಟ್ಟಿಯಾದ ಸಾಕ್ಷ್ಯ ಕಾಣುವುದಿಲ್ಲ.

2006ರ ಅರಣ್ಯ ಹಕ್ಕು ಕಾಯ್ದೆ ಈ ಮಾತಿಗೆ ಕಾನೂನಿನ ಬಲ ಕೊಟ್ಟಿತು. ಪೋಡುಗಳಲ್ಲಿ ಗ್ರಾಮಸಭೆ ಸೇರಿತು, ಅರ್ಜಿಗಳು ಹೋದವು. 2011ರ ಜನವರಿಯಲ್ಲಿ ಈ ಕಾಡು ಹುಲಿ ಸಂರಕ್ಷಿತ ಪ್ರದೇಶವೆಂದು ಘೋಷಣೆಯಾದಾಗ ಎಲ್ಲ ಮುಗಿಯಿತೆನಿಸಿತ್ತು. ಆದರೂ ಸೋಲಿಗರು ಪಟ್ಟು ಸಡಿಲಿಸಲಿಲ್ಲ. ಅದೇ ವರ್ಷ ಅಕ್ಟೋಬರ್ 2ರಂದು 25 ಗ್ರಾಮಸಭೆಗಳಿಗೆ ಸಮುದಾಯದ ಅರಣ್ಯ ಹಕ್ಕುಪತ್ರ ಸಿಕ್ಕಿತು. ಹುಲಿ ಸಂರಕ್ಷಿತ ಪ್ರದೇಶವೊಂದರೊಳಗೆ ದೇಶದಲ್ಲೇ ಇದು ಮೊದಲು.

ಜನರಿದ್ದರೆ ಹುಲಿ ಉಳಿಯುವುದಿಲ್ಲ ಎಂಬ ಆತಂಕವನ್ನು ತಳ್ಳಿಹಾಕಲಾಗದು. ಹುಲಿಗೆ ನೆಮ್ಮದಿಯ ನೆಲೆ ಬೇಕೇ ಬೇಕು. ಆದರೆ ಇಲ್ಲಿನ ಅಂದಾಜು ನೋಡಿ: 2010ರಲ್ಲಿ 35ರಷ್ಟಿದ್ದ ಹುಲಿಗಳು 2014ಕ್ಕೆ 68 ಆದವು. ಇದೆಲ್ಲ ಸೋಲಿಗರಿಂದಲೇ ಆಯಿತೆಂದು ಹೇಳಲಾರೆ. ಅವರಿದ್ದರೆ ಹುಲಿ ಅಳಿಯುತ್ತದೆ ಎಂಬ ವಾದವಂತೂ ಇಲ್ಲಿ ನಿಲ್ಲುವುದಿಲ್ಲ. ಕಾಯಿ ಕಿತ್ತು ಕಿತ್ತು ನೆಲ್ಲಿ ಮರವನ್ನೇ ಬರಿದು ಮಾಡುತ್ತಾರೆ ಎಂಬುದು ಇನ್ನೊಂದು ಆಕ್ಷೇಪ. ಆದರೆ ನೆಲ್ಲಿಯ ಕೊಂಬೆಗಳನ್ನೊಮ್ಮೆ ಹತ್ತಿರದಿಂದ ನೋಡಬೇಕು: ಸೋಲಿಗರು ಉಪ್ಪಿಲು ಎನ್ನುವ ಬಂದಳಿಕೆ ಅಂಟಿಕೊಂಡು ರಸ ಹೀರುತ್ತಿರುತ್ತದೆ, ಕೆಳಗೆ ಲಂಟಾನ ಸಸಿ ಏಳಗೊಡುವುದಿಲ್ಲ. ಬೇಸಿಗೆ ಬಲಿಯುವ ಮೊದಲೇ ತರಗೆಲೆಗೆ ಹಗುರವಾಗಿ ಹಾಕುತ್ತಿದ್ದ ತರಗುಬೆಂಕಿ ಇವೆರಡನ್ನೂ ಹದ್ದುಬಸ್ತಿನಲ್ಲಿಡುತ್ತಿತ್ತು ಎಂದು ಹಿರಿಯರು ಹೇಳುತ್ತ ಬಂದಿದ್ದಾರೆ. ಆ ಬೆಂಕಿ ಅಪರಾಧವಾಯಿತು. ಹಕ್ಕುಪತ್ರ ಕೈಗೆ ಬಂದ ಮೇಲೂ, ಕಾಡನ್ನು ನೋಡಿಕೊಳ್ಳುವ ತೀರ್ಮಾನದಲ್ಲಿ ಪೋಡಿನ ಗ್ರಾಮಸಭೆಯ ಮಾತು ಎಷ್ಟು ನಡೆಯಬೇಕು ಎಂಬ ಜಗ್ಗಾಟ ನಿಂತಿಲ್ಲ.