ಎಲೆಮರೆಯ ಪದಕ

ಗೋಕಾಕದ ಬಂಡೆಯಂಚಿನಿಂದ ಧುಮುಕುವ ಘಟಪ್ರಭೆಯನ್ನು ಕಂಡು ಬೆರಗಾಗುವ ನಾವು, ಆ ನೀರು ಅಲ್ಲಿಗೆ ಬರುವ ಮುನ್ನ ಮೌನವಾಗಿ ನಡೆದ ದೂರವನ್ನು ನೆನೆಯುವುದು ವಿರಳ. ಟೆನಿಸ್ ಕ್ರೀಡೆಯಲ್ಲಿಯೂ ಹಾಗೆಯೇ.

ಲಿಯಾಂಡರ್ ಪೇಸ್, ಮಹೇಶ್ ಭೂಪತಿಯವರ ಕೀರ್ತಿ ದಿಗಂತವನ್ನು ಮುಟ್ಟಿದ ಕಾಲದಲ್ಲಿ, ಮೈಸೂರಿನ ಪ್ರಹ್ಲಾದ್ ಶ್ರೀನಾಥರು ಎಲೆಮರೆಯ ಕಾಯಿಯಂತೆ ಡೇವಿಸ್ ಕಪ್ಪಿನಲ್ಲಿ ಭಾರತದ ಪರವಾಗಿ ಸೆಣಸಿ, 1998ರ ಬ್ಯಾಂಕಾಕ್ ಏಷ್ಯನ್ ಕ್ರೀಡಾಕೂಟದ ಪುರುಷರ ಸಿಂಗಲ್ಸ್‌ನಲ್ಲಿ ಕಂಚಿನ ಪದಕವನ್ನು ಗಳಿಸಿದರು.

ಶ್ರೇಯಾಂಕದ ಒಂದೊಂದು ಅಂಕಕ್ಕಾಗಿ ದೇಶದೇಶಗಳನ್ನು ಅಲೆದು, ಸೋತ ವಾರದ ವೆಚ್ಚವನ್ನೂ ಬಹುಮಟ್ಟಿಗೆ ತಾನೇ ಭರಿಸಬೇಕಾದ ಈ ವೃತ್ತಿಯಲ್ಲಿ, ಅಂತಹ ಸಾಧನೆಯ ಹಿಂದಿರುವ ತಪಸ್ಸು ಅಲ್ಪವಾದುದಲ್ಲ.

ಗರಡಿಯ ಮಣ್ಣನ್ನು ಬಲ್ಲ ಗೋಕಾಕ, ಮೂಡಲಗಿ, ಹುಕ್ಕೇರಿಗಳ ಮಕ್ಕಳೇ, ಕೀರ್ತಿಯ ಅಳತೆಗೋಲನ್ನು ಬದಿಗಿರಿಸಿ ಇಂತಹ ಸಾಧಕರನ್ನು ಸ್ಮರಿಸಿರಿ. ಜಲಪಾತದ ಘೋಷಕ್ಕೆ ಮೂಲವು ಆ ಮೌನದ ನಡಿಗೆಯೇ ಅಲ್ಲವೆ?